ಬಸವಣ್ಣನ ಗೊರಸು ಒಣಗಿದ್ದರೆ

ನಮ್ಮ ಅಡುಗೆಮನೆಯ ಕಡಪ ಕಲ್ಲಿನ ಮೇಲೆ ದುಂಡನೆಯ ಗುರುತೊಂದಿದೆ. ವರ್ಷಗಟ್ಟಲೆ ಅಲ್ಲೇ ಕೂತಿದ್ದ ತಾಮ್ರದ ಕೊಡ ಬಿಟ್ಟುಹೋದ ಗುರುತು. ಕೊಡ ಹೊಳೆಯ ಪಾಲಾಯಿತು. ಅದನ್ನು ಹೊತ್ತು ಹೋಗಿದ್ದ ನನ್ನ ಸೋದರತ್ತೆ ಶಿವಮ್ಮ ಬದುಕಿ ಬಂದಳು. ಬಂದವಳು ಮತ್ತೆ ಹೊಳೆಯ ಕಡೆ ಮುಖ ಮಾಡಿಲ್ಲ. ಅವಳಿಲ್ಲದ ಹೊಳೆದಂಡೆಯ ಪಾರ್ಕಿನಲ್ಲಿ, ಗೆಳೆಯರೇ, ನನಗೆ ಕೂರಲೂ ಆಗುತ್ತಿಲ್ಲ, ಅಲ್ಲಿಗೆ ಹೋಗದೆ ಇರಲೂ ಆಗುತ್ತಿಲ್ಲ.

ಹೊನ್ನಾಳಿಯ ಆ ಪಾರ್ಕು ಅಂಥ ದೊಡ್ಡದೇನಲ್ಲ. ನಾಲ್ಕಾರು ಹೊಂಗೆಮರ, ಬಿಸಿಲಿಗೆ ಕಾದು ಮಕ್ಕಳ ತೊಡೆ ಸುಡುವ ಜಾರುಬಂಡಿ, ಉದ್ಘಾಟನೆಯ ದಿನ ಚಿಮ್ಮಿ ಆಮೇಲೆ ಮೌನವ್ರತ ಹಿಡಿದ ಕಾರಂಜಿ, ಕೆಳಗೆ ತುಂಗಭದ್ರೆಯವರೆಗೆ ಇಳಿಯುವ ಮೆಟ್ಟಿಲು, ಅಷ್ಟೆ. ಕಾಲೇಜಿನಲ್ಲಿ ಇತಿಹಾಸ ಓದಿದವಳಾದ ನನಗೆ ರಾಜರ ಕಾಲಗಳೆಲ್ಲ ಬಾಯಿಪಾಠವಾದರೂ ಈ ದಂಡೆಯ ಚರಿತ್ರೆ ಮಾತ್ರ ಅತ್ತೆ ಹೇಳಿದ್ದೇ: ಮೊದಲು ಇದು ಎತ್ತು ಮೈ ತೊಳೆಯುವ ಜಾಗ, ಆಮೇಲೆ ಬಟ್ಟೆ ಒಗೆಯುವ ಕಲ್ಲುಗಳ ಸಾಲು, ಆಮೇಲೆ ಮರಳಿನ ಗುಡ್ಡೆಗಳೂ ಲಾರಿಗಳೂ, ಕೊನೆಗೆ ಬೇಲಿ, ಬೆಂಚು, ಹೂವು. ಇಷ್ಟೆಲ್ಲ ಬದಲಾದರೂ ಬದಲಾಗದೆ ಉಳಿದದ್ದು ನೀರಿನಂಚಿನ ಕಲ್ಲುಬಸವಣ್ಣ ಒಬ್ಬನೇ. ಅವನು ದೇವರೂ ಹೌದು, ಹೊಳೆಯ ಅಳತೆಗೋಲೂ ಹೌದು. ನಮ್ಮೂರಲ್ಲಿ ಬಿಸಿಲು ಸುರಿಯುತ್ತಿರುವಾಗಲೇ ಮಲೆನಾಡಿನ ಮಳೆ ಹೊಳೆಯಲ್ಲಿ ಹರಿದು ಬರುತ್ತದೆ. ಆಕಾಶ ನೋಡಿ ನೀರನ್ನು ಊಹಿಸಲಾಗದು. ಹಾಗಾಗಿ ಎಲ್ಲರೂ ಬಸವಣ್ಣನ ಕಾಲು ನೋಡುತ್ತಿದ್ದರು. ಗೊರಸು ಒಣಗಿದ್ದರೆ ಇಳಿಯಬಹುದು, ಒದ್ದೆಯಾಗಿದ್ದರೆ ಹಿಂದಿರುಗಬೇಕು.

ಪಾರ್ಕು ಕಟ್ಟುವಾಗ ಊರಿನವರಿಗೆ ಕನಿಕರ ಹುಟ್ಟಿತು. ಪ್ರತಿ ಮಳೆಗಾಲ ದೇವರು ಕೆಸರಲ್ಲಿ ಮುಳುಗುವುದೇ? ಎಲ್ಲರಿಗಿಂತ ಜೋರಾಗಿ ಕೂಗಿದವಳು ನಮ್ಮತ್ತೆ. "ನೀವೆಲ್ಲ ಬೆಂಚಿನ ಮ್ಯಾಲೆ ಕುಂತು ಮಂಡಕ್ಕಿ ತಿಂತೀರಿ, ಅವನೊಬ್ಬ ಕೆಳಗೆ ನೀರು ಕುಡೀಬೇಕೇನ್ರಿ?" ಎಂದಳಂತೆ. ಬಸವಣ್ಣ ಆಳೆತ್ತರ ಮೇಲೇರಿ ಹೊಸ ಕಟ್ಟೆಯಲ್ಲಿ ಕೂತ. ಅಲ್ಲಿಂದೀಚೆಗೆ ನಮ್ಮ ಸಂಜೆಗಳು ಅವನ ಪಕ್ಕದ ಬೆಂಚಿನಲ್ಲೇ ಕಳೆದವು. ಗೇಟಿನ ಬಳಿ ಗಾಡಿ ನಿಲ್ಲಿಸುವ ನೂರಣ್ಣನ ಮಿರ್ಚಿ ಕಚ್ಚಿ ಅತ್ತೆ, "ಏನ್ ನೂರಣ್ಣ, ಖಾರನೇ ಇಲ್ಲ?" ಎಂದರೆ, "ನಿಮ್ಮ ನಾಲಿಗಿ ಮುಂದೆ ಯಾವ ಖಾರ ನಿಲ್ತೈತ್ರಿ ಅಕ್ಕಾರೆ!" ಎನ್ನುತ್ತಿದ್ದ. ಆ ಸಂಜೆಗಳು ಎಷ್ಟು ಸಾಧಾರಣವಾಗಿದ್ದವೆಂದರೆ, ಅವು ಮುಗಿಯಬಹುದೆಂದು ನನಗೆ ಹೊಳೆದೇ ಇರಲಿಲ್ಲ.

ಶ್ರಾವಣ ಸೋಮವಾರ ಬೆಳಿಗ್ಗೆ ಹೊಳೆಯಿಂದ ಒಂದು ಕೊಡ ಗಂಗೆ ತಂದು ಪೂಜೆಗಿಡುವುದು ನಮ್ಮ ಮನೆಯ ಪದ್ಧತಿ. ಅಂಥದೊಂದು ಸೋಮವಾರ, ಎಳೆಬಿಸಿಲು. ಮೆಟ್ಟಿಲ ತಲೆಯಲ್ಲಿ ನಿಂತು ಅತ್ತೆ ಬಸವಣ್ಣನ ಕಡೆ ನೋಡಿದಳು, ನಾನೂ ನೋಡಿದೆ. ಗೊರಸು ಒಣಗಿತ್ತು. ಅವನು ಜಾಗ ಬದಲಿಸಿದ್ದು ಇಬ್ಬರಿಗೂ ಗೊತ್ತಿತ್ತು. ಆದರೆ ಅರಿವು ತಲೆಯಲ್ಲಿರುತ್ತದೆ, ನಂಬಿಕೆ ಕಾಲಿನಲ್ಲಿರುತ್ತದೆ, ಮೆಟ್ಟಿಲಿಳಿಯುವುದು ಕಾಲು ತಾನೆ. ಕೆಳಗಿನ ಚಪ್ಪಡಿಯಲ್ಲಿ ನಿಂತು ಅವಳು ಕೊಡಕ್ಕೆ ವಿಭೂತಿ ಹಚ್ಚಿ, ಹೊಳೆಗೆ ಎಲೆ ಅಡಿಕೆ ಬಿಟ್ಟು, ಕಣ್ಣು ಮುಚ್ಚಿದಳು. ಪಾದ ತೊಳೆಯುತ್ತಿದ್ದ ನೀರು ಅವಳು ಕಣ್ಣು ಬಿಡುವಷ್ಟರಲ್ಲಿ ಮೊಣಕಾಲು ದಾಟಿ, ಕೆಂಪಾಗಿ, ಸೀರೆಯನ್ನು ಹಿಡಿದೆಳೆಯತೊಡಗಿತ್ತು. ನಾನು ಮೇಲಿನ ಮೆಟ್ಟಿಲಿನಿಂದ ಕೈ ಚಾಚಿ ಅವಳ ಮಣಿಕಟ್ಟು ಹಿಡಿದೆ. ಅವಳು ಇನ್ನೊಂದು ಕೈಯಲ್ಲಿ ಕೊಡವನ್ನು ಅಪ್ಪಿಕೊಂಡಿದ್ದಳು. "ಕೊಡ ಬಿಡು ಅತ್ತೆ!" ಎಂದು ಚೀರಿದೆ. "ಗಂಗಮ್ಮನ್ನ ಹೆಂಗ್ ಬಿಡ್ಲೇ?" ಎಂದಳು. ನನ್ನ ಕಾಲು ಜಾರಿತು. ಆಗ ಬೆನ್ನ ಹಿಂದೆ ಯಾರೋ ನನ್ನ ನಡುವನ್ನು ಬಿಗಿಯಾಗಿ ಹಿಡಿದರು. ಒಲೆ ಹಚ್ಚುವುದನ್ನು ಬಿಟ್ಟು ಓಡಿಬಂದ ನೂರಣ್ಣ. "ಅಕ್ಕಾರೆ, ಗಂಗಮ್ಮ ತಾನೇ ಬರ್ತಾಳೆ, ನೀವು ಬರ್ರಿ ಮೊದ್ಲು!" ಎಂದು ಗದರಿದ. ಅತ್ತೆ ಕೊಡ ಬಿಟ್ಟಳು. ಅದು ಒಂದು ಸುತ್ತು ತಿರುಗಿ, ಬಿಸಿಲಿಗೆ ಮಿನುಗಿ, ಹೋಯಿತು.

ಈಗಲೂ ಬಸ್ಸಿನಲ್ಲಿ ಕೂತಾಗ, ಅನ್ನಕ್ಕೆ ಕೈ ಹಾಕಿದಾಗ, ನನ್ನ ಅಂಗೈಯಲ್ಲಿ ಆ ಒದ್ದೆ ಮಣಿಕಟ್ಟು ಜಾರುತ್ತದೆ. ಜಾರುತ್ತದೆ, ನಾನು ಮತ್ತೆ ಹಿಡಿಯುತ್ತೇನೆ. ಅತ್ತೆ ನಲ್ಲಿ ನೀರಿಗೇ ಪೂಜೆ ಮಾಡುತ್ತಾಳೆ. "ಇದೂ ಅದೇ ಹೊಳೆ ನೀರಲ್ಲೇನೆ?" ಎಂದು ಕೇಳುತ್ತಾಳೆ, ನನ್ನನ್ನಲ್ಲ, ತನ್ನನ್ನೇ. ಸಂಜೆಯಾದರೆ ಮಾತ್ರ ಬಾಗಿಲಲ್ಲಿ ನಿಂತು, "ಹೋಗಿದ್ಯಾ? ಹೊಳೆ ಹೆಂಗೈತೆ?" ಎನ್ನುತ್ತಾಳೆ, ಜಗಳವಾಡಿ ಮಾತು ಬಿಟ್ಟ ತಂಗಿಯ ಕ್ಷೇಮ ವಿಚಾರಿಸುವವಳಂತೆ. ನಾನು ಗೇಟಿನಿಂದಲೇ ಕಂಡದ್ದನ್ನು ಹೇಳುತ್ತೇನೆ. ಮೆಟ್ಟಿಲವರೆಗೆ ನಾನೂ ಹೋಗಿಲ್ಲವೆಂಬುದು ಅವಳಿಗೆ ಗೊತ್ತಿದೆಯೋ ಏನೋ.

ನಿನ್ನೆ ಗೇಟಿನ ಬಳಿ ನಿಂತಿದ್ದಾಗ ಅವಳ ಫೋನ್ ಬಂತು. "ಮಾತಾಡಬ್ಯಾಡ. ಫೋನ್ ಆ ಕಡೆ ಹಿಡಿ. ಸಪ್ಪಳ ಕೇಳ್ಬೇಕು." ಹಿಡಿದೆ. "ಬರೀ ಲಾರಿ ಹಾರನ್ ಕೇಳ್ತೈತಲ್ಲೇ. ಒಂಚೂರು ಹತ್ರ ಹೋಗು." ಹೊಂಗೆಮರ ದಾಟಿದೆ, ಕಾರಂಜಿ ದಾಟಿದೆ. "ಇನ್ನೂ ಒಂಚೂರು." ಮೊದಲ ಮೆಟ್ಟಿಲ ಮೇಲೆ ನಿಂತೆ. ಹೊಳೆ ಬಹಳ ಕೆಳಗೆ, ತಿಳಿಯಾಗಿ, ಕಲ್ಲುಗಳ ನಡುವೆ ತನ್ನಷ್ಟಕ್ಕೆ ಗುನುಗುತ್ತಿತ್ತು. ನಾನು ಫೋನ್ ಹಿಡಿದ ಕೈ ಚಾಚಿದೆ. ಇನ್ನೊಂದು ಮೆಟ್ಟಿಲಿಳಿಯಲು ನಾನು ಕಾಲೆತ್ತಿದ್ದು ಅವಳಿಗೆ ಹೇಗೆ ತಿಳಿಯಿತೋ, ಫೋನಿನೊಳಗಿಂದ ಹಳೆಯ ಜೋರು ದನಿ ಎದ್ದು ಬಂತು:

"ಸಾಕು, ಅಲ್ಲೇ ನಿಂತ್ಕೋ! ಒಬ್ಬಳೇ ಇಳೀಬ್ಯಾಡ. ಚಪ್ಪಲಿ ಮೆಟ್ಕೊಂಡು ಬರ್ತೀನಿ."