ಹೆಸರುಹಲಗೆಯ ಮುಂದೆ ಭಾಗೀರಥಿ ಮೇಡಂ

ಭಾಗೀರಥಿ ಮೇಡಂ ಹೆಸರುಗಳನ್ನು ಬೆರಳಿಟ್ಟು, ಗಟ್ಟಿಯಾಗಿ ಓದುತ್ತಿದ್ದರು. ಎಂ.ಎ. ಮಾಡಿದವರು, ಕಾಲೇಜು ನಡೆಸುವವರು, ಒಂದನೇ ಇಯತ್ತೆಯ ಮಕ್ಕಳ ಹಾಗೆ ಸಾಲಿನ ಕೆಳಗೆ ಬೆರಳೆಳೆಯುತ್ತ ಪರೀಕ್ಷೆಗೆ ಕೂರುವವರ ಪಟ್ಟಿ ಓದುವುದನ್ನು ಮೊದಲ ಸಲ ಕಂಡಾಗ ನನಗೆ ನಗು ತಡೆಯಲಾಗಲಿಲ್ಲ. ನಾನಾಗ ನಂದೊಳ್ಳಿಯಿಂದ ಬಸ್ಸಿನಲ್ಲಿ ಬಂದು ಯಲ್ಲಾಪುರದ ಆ ಕಾಲೇಜಿನ ಆಫೀಸಿನಲ್ಲಿ ಟೈಪಿಸ್ಟ್ ಆಗಿ ಒಂದು ವಾರವಾಗಿತ್ತು. ಅವರು ನಗುವನ್ನು ಕಂಡೂ ಕಾಣದಂತೆ ಹಾಳೆಯನ್ನು ನನ್ನತ್ತ ತಳ್ಳಿದರು.

"ಎರಡು ಸಲ ಓದಿದ್ಯನೆ, ತಂಗಿ?"

ಓದಿರಲಿಲ್ಲ. ಮೂರು ತಪ್ಪುಗಳಿದ್ದವು.

ಅವರ ಹುದ್ದೆಗೆ 'ಪ್ರಭಾರಿ ಪ್ರಾಂಶುಪಾಲರು' ಎಂದು ಹೆಸರು. ಹಿಂದಿನ ಪ್ರಿನ್ಸಿಪಾಲರು ನಿವೃತ್ತರಾದಾಗ ಎಲ್ಲರಿಗಿಂತ ಹಿರಿಯರು ಇವರೇ. ಆದರೆ ಆಡಳಿತ ಮಂಡಳಿಯ ಅಧ್ಯಕ್ಷರು ಬಾಯಲ್ಲಿದ್ದ ಎಲೆಯಡಿಕೆಯ ಕವಳವನ್ನು ಈ ದವಡೆಯಿಂದ ಆ ದವಡೆಗೆ ಸರಿಸಿ, "ಸರಿಯಾದವ್ರು ಸಿಕ್ಕೋವರೆಗೆ ನೀವು ನೋಡ್ಕಳಿ" ಅಂದರಂತೆ. ಮಗಳಿಗೆ ಗಂಡು ಹುಡುಕಿದ ಹಾಗೆ ಹನ್ನೆರಡು ವರ್ಷ ಹುಡುಕಿದರು. 'ಪ್ರಭಾರಿ' ಎಂಬ ರಬ್ಬರ್ ಸ್ಟ್ಯಾಂಪನ್ನೂ ಮಾಡಿಸಿಕೊಡಲಿಲ್ಲ, ತಾತ್ಕಾಲಿಕಕ್ಕೆ ಯಾಕೆ ಎಂದು. ಮೇಡಂ ಪ್ರತಿ ಕಾಗದದ ಮೇಲೂ ಹಳೆಯ ಸ್ಟ್ಯಾಂಪ್ ಒತ್ತಿ, ಅದರ ಮುಂದೆ ಕೈಯಿಂದ 'ಪ್ರಭಾರಿ' ಎಂದು ಬರೆದು ಸಹಿ ಹಾಕುತ್ತಿದ್ದರು. ಆ ಪದ ಬರೆಯದಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಒಮ್ಮೆಯೂ ಬಿಡಲಿಲ್ಲ.

ಒಂದು ವರ್ಷ ಪರೀಕ್ಷೆಗೆ ನಾಲ್ಕು ದಿನವಿರುವಾಗ ಕಿರವತ್ತಿಯಿಂದ ಒಬ್ಬ ರೈತ ಮಗಳನ್ನು ಕರೆದುಕೊಂಡು ಬಂದ. ಆಕೆಗೆ ಹಾಲ್ ಟಿಕೆಟ್ ಬಂದಿರಲಿಲ್ಲ. "ಬಾಯಾರ, ಈ ವರ್ಷ ತಪ್ಪಿದ್ರ ಮುಗೀತ್ರಿ. ಮನ್ಯಾಗ ಮದಿವಿ ಗೊತ್ತ ಮಾಡ್ಯಾರ್ರಿ," ಎಂದ. ಕಡತ ತೆಗೆದು ನೋಡಿದರೆ ಪಟ್ಟಿ ಟೈಪ್ ಮಾಡುವಾಗ ನಾನೇ ಒಂದು ಸಾಲು ಹಾರಿಸಿದ್ದೆ. ಪಟ್ಟಿ ಕಳಿಸಿದ ಆ ವಾರ ಮೇಡಂ ಜ್ವರ ಬಂದು ಮಲಗಿದ್ದರು, ಬೆರಳಿಟ್ಟು ಓದಲು ಯಾರೂ ಇರಲಿಲ್ಲ. ರೈತ ಬಂದ ಮರುದಿನ ಮೇಡಂ ಮೊದಲ ಬಸ್ಸಿಗೆ ನನ್ನನ್ನೂ ಕರೆದುಕೊಂಡು ಧಾರವಾಡಕ್ಕೆ ಹೋದರು. ವಿಶ್ವವಿದ್ಯಾಲಯದ ಕಚೇರಿಯ ಮುಂದಿನ ಬೆಂಚಿನಲ್ಲಿ ಸಂಜೆಯವರೆಗೆ ಕೂತು ಹುಡುಗಿಯ ಹೆಸರು ಸೇರಿಸಿಯೇ ಎದ್ದರು. ಬಸ್ಸಿನಲ್ಲಿ ಬೈಯುತ್ತಾರೆಂದು ಕಾದೆ. "ಒಂದು ಹೆಸರು ಬಿಟ್ಟೋದ್ರೆ ಎಂತ ಆಗ್ತು ಹೇಳಿ ಗೊತ್ತಾತಲೆ, ಸಾಕು," ಎಂದಷ್ಟೇ ಹೇಳಿ ಕಿಟಕಿಯಾಚೆ ನೋಡಿದರು. ಮಂಡಳಿ ಕಾರಣ ಕೇಳಿದಾಗ 'ತಪ್ಪು ನನ್ನದು' ಎಂದು ಬರೆದುಕೊಟ್ಟರು. ಪ್ರಭಾರಿ ಎಂದು ಸಹಿ ಮಾಡಿಯೇ.

ಒಮ್ಮೆ ಕಾಲೇಜನ್ನು ಪರಿಶೀಲಿಸಲು ಹೊರಗಿನಿಂದ ಒಂದು ಸಮಿತಿ ಬಂತು. ಅವರಿಗೆ ಕೊಡುವ ವರದಿಯ ಒಂದೊಂದು ಪುಟವನ್ನೂ ಮೇಡಂ ಬರೆದಿದ್ದರು. ಅಧ್ಯಕ್ಷರು ಅವರ ಕೈಗೆ ಆರತಿ ತಟ್ಟೆ ಕೊಟ್ಟು, "ನೀವು ಗೇಟಿನ ಹತ್ರ ನಿಂತ್ಕಳಿ, ಒಳಗಿಂದು ನಮಗೆ ಬಿಡಿ," ಎಂದರು. ಮೇಡಂ ಎಲ್ಲರಿಗೂ ಆರತಿ ಎತ್ತಿದರು. ಆಮೇಲೆ ತಟ್ಟೆ ಹಿಡಿದುಕೊಂಡೇ ಒಳಗೆ ನಡೆದು, ಅದನ್ನು ಅಧ್ಯಕ್ಷರ ಮುಂದೆ ಇಟ್ಟು, ಕುರ್ಚಿ ಎಳೆದು ಕೂತು, ಕೇಳಿದ್ದಕ್ಕೆಲ್ಲ ಉತ್ತರ ಹೇಳಿದರು. ಮಂಡಳಿಯವರು ಗೋಡಂಬಿ ತಿನ್ನುತ್ತ ಕೂತಿದ್ದರು. ಮಾರನೆಯ ದಿನ ಸಭೆಯಲ್ಲಿ ಯಶಸ್ಸಿಗೆ ಹಾರ ಬಿದ್ದದ್ದು ಅಧ್ಯಕ್ಷರ ಕೊರಳಿಗೆ.

ನಿವೃತ್ತಿಯ ದಿನ ಹೊದಿಸಿದ ಶಾಲನ್ನು ಅವರು ಮಡಿಸಿ ನನ್ನ ಮೇಜಿನ ಮೇಲಿಟ್ಟರು. "ನಂಗೆ ಇದೆಲ್ಲ ಎಂತಕ್ಕೆ? ಇಲ್ಲಿವರೆಗಿನ ಪ್ರಿನ್ಸಿಪಾಲರದ್ದೆಲ್ಲ ಹೆಸರುಹಲಗೆ ಮಾಡಿಸ್ತ್ವಡ. ಅದ್ರಲ್ಲಿ ಹೆಸರು ಬಂದ್ರೆ ಸಾಕು. ಮುಂದೆ ಓದೂಲೆ ಬಪ್ಪ ಕೂಸುಗಕ್ಕೆ ಇಲ್ಲೊಂದು ಹೆಂಗಸೂ ಇತ್ತು ಹೇಳಿ ಗೊತ್ತಾಗವು." ಹನ್ನೆರಡು ವರ್ಷದಲ್ಲಿ ಅವರು ತಮಗಾಗಿ ಕೇಳಿದ್ದು ಅದೊಂದೇ. ನಾನು ನೋಡಿಕೊಳ್ಳುತ್ತೇನೆ ಎಂದೆ.

ಅವರು ನಿವೃತ್ತರಾದ ಒಂದೇ ತಿಂಗಳಲ್ಲಿ ಶಿರಸಿಯಿಂದ 'ಸರಿಯಾದವರು' ಸಿಕ್ಕಿಬಿಟ್ಟರು. ಹಲಗೆಗೆ ಹೆಸರು, ಇಸವಿಗಳ ಪಟ್ಟಿ ಟೈಪ್ ಮಾಡಿ ಒಯ್ದೆ. ಅಧ್ಯಕ್ಷರು ಕೆಂಪು ಪೆನ್ನಿನಿಂದ ಮೇಡಂ ಹೆಸರಿನ ಮೇಲೆ ಗೆರೆ ಎಳೆದರು.

"ಪ್ರಭಾರಿನೆಲ್ಲ ಬರಸೂಲೆ ಬತ್ತಿಲ್ಲೆ. ಹನ್ನೆರಡು ವರ್ಷ ಈ ಮಂಡಳಿಯವ್ಕೆ ಒಬ್ಬ ಗಂಡಸೂ ಸಿಕ್ಕಿದ್ನಿಲ್ಲೆ ಹೇಳಿ ಜನ ನಗ್ಯಾಡ್ತ."

"ನಡುವೆ ಖಾಲಿ ಕಾಣ್ತು, ಸರ್."

"ಹಿಂದಿನವ್ರ ವರ್ಷವನ್ನೇ ಮುಂದೆ ಎಳೆ."

ಹಿಂದಿನವರು ನಿವೃತ್ತರಾದ ಎರಡೇ ವರ್ಷಕ್ಕೆ ತೀರಿಕೊಂಡಿದ್ದರು. ಹಾರ ಹಾಕಿದ ಅವರ ಫೋಟೋ ಅದೇ ಕೋಣೆಯಲ್ಲಿ, ಅಧ್ಯಕ್ಷರ ತಲೆಯ ಮೇಲೇ ನೇತಾಡುತ್ತಿತ್ತು. ಬದುಕಿರುವ ಹೆಂಗಸಿಗಿಂತ ಸತ್ತ ಗಂಡಸು ವಾಸಿ ಎಂದು ತೀರ್ಮಾನಿಸುವ ಮನುಷ್ಯನ ಬಾಯಿಂದ ಕವಳದ ರಸ ಗದ್ದಕ್ಕೆ ಇಳಿಯುತ್ತಿತ್ತು. ಅಂಥ ಹೇಸಿಗೆ ನನಗೆ ಹಿಂದೆಂದೂ ಆಗಿರಲಿಲ್ಲ. ಆದರೆ ನನ್ನ ನೌಕರಿ ಕಾಯಂ ಮಾಡುವ ಕಾಗದ ಅವರ ಮೇಜಿನ ಮೇಲಿತ್ತು, ಸಹಿಯಾಗಿರಲಿಲ್ಲ. ನಾನು ಹಿಂದಿರುಗಿ ಬಂದು ಟೈಪ್ ಮಾಡಿದೆ. ಆ ಸಂಜೆಯೇ ಸಹಿಯಾಯಿತು.

ಅದೇ ಕೋಣೆಯ ಗೋಡೆಗೆ ಹಲಗೆ ಏರಿಸಿದ ಸಮಾರಂಭಕ್ಕೆ ಮೇಡಂ ಸಿದ್ದಾಪುರದಿಂದ ಬಂದಿದ್ದರು. ನಾನು ಅವರನ್ನು ನೋಡಿದ್ದು ಅದೇ ಕೊನೆ. ಮುಂದಿನ ವರ್ಷ ಹೋಗಿಬಿಟ್ಟರು. ಎಲ್ಲರೂ ಊಟಕ್ಕೆ ಹೋದ ಮೇಲೆ ಹಲಗೆಯ ಮುಂದೆ ಒಬ್ಬರೇ ನಿಂತು, ಬೆರಳಿಟ್ಟು, ಗಟ್ಟಿಯಾಗಿ ಓದತೊಡಗಿದರು. ನಾನು ಬಾಗಿಲಲ್ಲಿ ನಿಂತಿದ್ದೆ. ಕೊನೆಯವರೆಗೆ ಓದಿದರು. ಮತ್ತೆ ಮೊದಲಿನಿಂದ ಓದಿದರು. ಬೆರಳು ಹಿಂದಿನ ಪ್ರಿನ್ಸಿಪಾಲರ ಹೆಸರಿನ ಮುಂದಿನ ಇಸವಿಯ ಮೇಲೆ ನಿಂತಿತು. ಫೋಟೋದ ಕಡೆ ನೋಡಿದರು.

"ಪಾಪ, ಸತ್ತ ಮೇಲೂ ಹತ್ತು ವರ್ಷ ದುಡಿಸಿದ್ವಲೆ ಇವ್ರನ್ನ," ಎಂದರು. ನಂತರ ನನ್ನತ್ತ ತಿರುಗಿದರು. "ಪಟ್ಟಿ ನೀನೇ ಟೈಪ್ ಮಾಡಿದ್ದಾ?"

"ಹೌದು, ಮೇಡಂ."

"ಎರಡು ಸಲ ಓದಿದ್ಯನೆ, ತಂಗಿ?"

"ಓದಿದ್ದೆ," ಎಂದೆ.

ಅವರು ತಲೆಯಾಡಿಸಿ, ಕೈಚೀಲ ಎತ್ತಿಕೊಂಡು, ಊಟ ಮಾಡದೆ ಬಸ್ಸಿಗೆ ಹೊರಟುಹೋದರು.