ರೈಟರ್ ಯೋಗಾನಂದನ ಗಂಟಲು

ಹಾನುಬಾಳಿನ ಸುತ್ತಮುತ್ತ ಗಂಟಲಿಗೆ ಹೆಸರಾದವನು ಯೋಗಾನಂದ ಒಬ್ಬನೇ. ಅಲ್ಲಿನ ಕಾಫಿ ಎಸ್ಟೇಟಿನಲ್ಲಿ ಅವನು ರೈಟರ್, ಅಂದರೆ ಬೆಳಿಗ್ಗೆ ಆಳುಗಳ ಹಾಜರಿ ಕೂಗಿ ಕೆಲಸಕ್ಕೆ ಹಚ್ಚುವವನು. ಸ್ಟೋರಿನ ಮೆಟ್ಟಿಲ ಮೇಲೆ ನಿಂತು ಹೆಸರು ಕೂಗಿದರೆ ಆಚೆ ಗುಡ್ಡದಲ್ಲಿ ಆಳುಗಳಿಗೆಂದು ಸಾಲಾಗಿ ಕಟ್ಟಿದ ಲೈನ್ ಮನೆಗಳಲ್ಲಿ ಒಲೆ ಮುಂದೆ ಕೂತವರೂ ದಡಕ್ಕನೆ ಎದ್ದು ನಿಲ್ಲುತ್ತಿದ್ದರು. ಊರಿನ ಪೌರಾಣಿಕ ನಾಟಕದಲ್ಲಿ ರಾಜನ ಪಾತ್ರ ಪ್ರತಿ ವರ್ಷ ಅವನದೇ. ಮೈಕ್ ಕೈಕೊಟ್ಟ ವರ್ಷವೂ ಅವನ ಪದ್ಯ ಕೊನೆಯ ಸಾಲಿನವರಿಗೆ ಸ್ಪಷ್ಟವಾಗಿ ಕೇಳಿಸಿತ್ತು. ದೇವರು ಕೊಟ್ಟ ಗಂಟಲು, ಅದರಲ್ಲಿ ಎರಡು ಮಾತಿಲ್ಲ. ಮನುಷ್ಯ ಹೇಗೆ ಅಂತ ಮಾತ್ರ ಲಿಂಗಮ್ಮನನ್ನು ಕೇಳಬೇಕು.

ಲಿಂಗಮ್ಮ ಅದೇ ಎಸ್ಟೇಟಿನ ಆಳು. ದನಿ ಬಲು ಸಣ್ಣದು. ಹೆಸರು ಕರೆದ ಕೂಡಲೇ "ಓ" ಅನ್ನುತ್ತಿದ್ದಳು. ಯೋಗಾನಂದನಿಗೆ ಅದೊಂದು ದಿನನಿತ್ಯದ ಆಟ. ಕಿವಿಗೆ ಕೈ ಇಟ್ಟು, ನಾಟಕದ ರಾಜನ ಹಾಗೆ ಕತ್ತು ಓರೆ ಮಾಡಿ, "ಕೇಳಿಸ್ಲಿಲ್ಲ!" ಅನ್ನುವನು.

"ಓ ರೈಟ್ರೇ, ಬಂದಿವ್ನಿ."

"ಕೇಳಿಸ್ಲಿಲ್ಲ ಕಣಮ್ಮಿ!"

ಉಳಿದ ಆಳುಗಳು ನಗಬೇಕು, ನಗದಿದ್ದರೆ ನಾಳೆ ಅವರ ಸರದಿ. ಮೂರನೆಯ ಸಲವೂ ಕೇಳಿಸದಿದ್ದರೆ ಅವಳಿಗೆ ಅರ್ಧ ದಿನದ ಕೂಲಿ ಕಟ್. ಅವಳ ಕೂಸು ಜ್ವರದಲ್ಲಿ ತೀರಿಕೊಂಡು ಮೂರು ದಿನಕ್ಕೆ ಕೆಲಸಕ್ಕೆ ಬಂದು ನಿಂತಾಗ ಗಂಟಲಿನಿಂದ ದನಿಯೇ ಹೊರಡಲಿಲ್ಲ. ಆ ಮಹಾನುಭಾವ ಅವತ್ತೂ ಕಿವಿಗೆ ಕೈ ಇಟ್ಟ. ಯಾರೂ ನಗಲಿಲ್ಲ ಅಂತ ಅವನಿಗೆ ಮಧ್ಯಾಹ್ನದ ತನಕ ಸಿಡುಕು.

ತೊಂಬತ್ತೈದರಲ್ಲಿ ಬಿಸಿಲೆ ಕಾಡಿಗೆ ಸಿನಿಮಾದವರು ಬಂದರು. ಜನ ಒದಗಿಸಲು ಹೋದ ಯೋಗಾನಂದ ಆಳುಗಳನ್ನು ಗದರುವ ಠೀವಿ ನೋಡಿ, ಡೈರೆಕ್ಟರ್ ಅವನಿಗೇ ಡಕಾಯಿತರ ನಾಯಕನ ವೇಷ ಹಾಕಿಸಿದ. ಮಾತನ್ನು ಆಮೇಲೆ ಸ್ಟುಡಿಯೋದಲ್ಲಿ ಸೇರಿಸುತ್ತಾರೆ, ಅದಕ್ಕೆ ಕರೆಸುತ್ತೇವೆ ಅಂದರು. ಯೋಗಾನಂದ ಗಂಟಲು ಕೆಡದಿರಲಿ ಅಂತ ಎರಡು ತಿಂಗಳು ತಣ್ಣೀರು ಕುಡಿಯದೆ ಕಾದ. ಯಾರೂ ಕರೆಸಲಿಲ್ಲ.

ಸಿನಿಮಾ ಸಕಲೇಶಪುರಕ್ಕೆ ಬಂದ ದಿನ ಹಾನುಬಾಳಿನಿಂದ ನಾಲ್ಕು ಜೀಪು ಜನ ಹೋದರು. ಪರದೆಯ ಮೇಲೆ ಯೋಗಾನಂದ ಬಾಯಿ ತೆರೆದ. "ನಾನು ಬಿಟ್ಟರೆ ದಾರಿ, ಬಿಡದಿದ್ದರೆ ಕಾಡು!" ದನಿ ಅವನದಲ್ಲ. ಬಾವಿಯೊಳಗಿಂದ ಬಂದಂಥ ಗೊಗ್ಗರು ದನಿ, ಬೆಂಗಳೂರಿನ ಯಾರೋ ಹೇಳಿದ್ದು. ಟಾಕೀಸು ಶಿಳ್ಳೆಯಲ್ಲಿ ಮುಳುಗಿತು. ಕುರ್ಚಿಯಲ್ಲಿ ಕೂತ ಯೋಗಾನಂದ ತನ್ನ ಗಂಟಲನ್ನು ಮುಟ್ಟಿ ನೋಡಿಕೊಂಡ.

ಹೊರಗೆ ಬಂದಾಗ ನಾಟಕ ಸಂಘದ ಅಧ್ಯಕ್ಷ, ಸಣ್ಣ ಪ್ಲಾಂಟರ್ ಚಂದ್ರಶೇಖರ ತಬ್ಬಿಕೊಂಡ. "ಏನ್ ಮಾರಾಯ, ಗಂಟ್ಲೇ ಬದಲಾಯಿಸ್ಬುಟ್ಟಿದ್ದೀಯಲ್ಲ! ಹೆಂಗ್ ಮಾಡ್ದೆ?"

ನಿಜ ಹೇಳಲು ಒಂದೇ ಉಸಿರು ಸಾಕಿತ್ತು. ಯೋಗಾನಂದ ಸುತ್ತ ನೆರೆದ ಮುಖಗಳನ್ನು ನೋಡಿದ. "ಅಭ್ಯಾಸ ಕಣೋ," ಅಂದ.

ಆ ಒಂದು ಸುಳ್ಳು ಅವನನ್ನು ಸಾಕಿತು. ರೈಟರ್ ಕೆಲಸ ಬಿಟ್ಟು ಬೆಂಗಳೂರು ಸೇರಿದ; ಎಂಟು ವರ್ಷದಲ್ಲಿ ಹನ್ನೊಂದು ಸಿನಿಮಾ, ಪೋಸ್ಟರಿನಲ್ಲಿ ಮುಖ. ಎಲ್ಲದರಲ್ಲೂ ಅದೇ ಗೊಗ್ಗರು ದನಿ. ಒಮ್ಮೆ ಡೈರೆಕ್ಟರೊಬ್ಬನ ಹತ್ತಿರ ನಾನೇ ಹೇಳುತ್ತೇನೆ ಅಂತ ಗೋಗರೆದ. "ಜನಕ್ಕೆ ನಿಮ್ಮ ಮುಖ, ಅವನ ಗಂಟಲು, ಎರಡೂ ಸೇರಿದರೇ ನೀವು," ಅಂದುಬಿಟ್ಟ ಆತ. ಲಾಡ್ಜಿನ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಯೋಗಾನಂದ ಹಳೆಯ ಪದ್ಯಗಳನ್ನು ಗೋಡೆಗೆ ಹೇಳುತ್ತಿದ್ದ.

ಎರಡು ಸಾವಿರದ ನಾಲ್ಕರಲ್ಲಿ ಊರವರು ಸನ್ಮಾನಕ್ಕೆ ಕರೆದರು. ಯೋಗಾನಂದ ಒಂದೇ ಷರತ್ತು ಹಾಕಿದ: ಹಾರ ತುರಾಯಿ ಆದ ಮೇಲೆ ರಾಜನ ಪಾತ್ರದ ಒಂದು ದೃಶ್ಯ ಆಡಬೇಕು. ನನ್ನ ಜನ ನನ್ನ ಗಂಟಲನ್ನು ಇನ್ನೊಂದು ಸಲ ಕೇಳಲಿ, ಆಮೇಲೆ ಸತ್ತರೂ ಚಿಂತೆಯಿಲ್ಲ ಅನ್ನುವಷ್ಟು ಆಸೆ ಅವನಿಗೆ. ಅದನ್ನು ಬಾಯಿಬಿಟ್ಟು ಹೇಳುವಂತಿಲ್ಲವಲ್ಲ!

ಹಿಂದಿನ ದಿನದ ತಾಲೀಮಿನಲ್ಲಿ ಅವನು ಹಳೆಯ ದನಿಯಲ್ಲೇ ಹೇಳಿದ ಪದ್ಯ ಕೇಳಿ ಚಂದ್ರಶೇಖರ ಗಾಬರಿಯಾದ. "ಯೋಗಣ್ಣ, ಗಂಟ್ಲು ಕಟ್ಟೈತಾ? ಜನ ಆ ಸಿನಿಮಾ ದನಿ ಕೇಳಕ್ಕೆ ಬತ್ತಾವ್ರೆ ಕಣೋ."

"ನಾಳೆ ನೋಡು," ಅಂದ ಯೋಗಾನಂದ.

ಗೆಳೆಯನ ಮರ್ಯಾದೆ ಉಳಿಸಬೇಕೆಂದು ಚಂದ್ರಶೇಖರ ಆಲೂರಿಗೆ ಜೀಪು ಓಡಿಸಿದ. ಅಲ್ಲಿನ ಆರ್ಕೆಸ್ಟ್ರಾದ ಮಿಮಿಕ್ರಿ ವೆಂಕಟೇಶ ಆ ಗೊಗ್ಗರು ದನಿಯನ್ನು ಹುಬೇಹೂಬು ಮಾಡುತ್ತಿದ್ದ. ಯೋಗಾನಂದನಿಗೆ ಯಾರೂ ಏನೂ ಹೇಳಲಿಲ್ಲ.

ಮಧ್ಯಾಹ್ನ ಮೂರಕ್ಕೆ ಮೈದಾನ ತುಂಬಿತ್ತು. ಪ್ಲಾಂಟರುಗಳಿಗೆ ಕುರ್ಚಿ, ಕುರ್ಚಿಗಳ ಮುಂದೆ ವೇದಿಕೆಗೆ ಒತ್ತಿಕೊಂಡು ನೆಲದ ಮೇಲೆ ಲೈನಿನ ಹೆಂಗಸರು. ಅವರ ಮೊದಲ ಸಾಲಿನಲ್ಲೇ ಲಿಂಗಮ್ಮನೂ ಇದ್ದಳು. ಕಿರೀಟ ಇಟ್ಟುಕೊಂಡು ಬಂದ ಯೋಗಾನಂದ ಕಣ್ಣು ಮುಚ್ಚಿ ಪದ್ಯ ಎತ್ತಿದ. ಧ್ವನಿವರ್ಧಕದಲ್ಲಿ ಗೊಗ್ಗರು ದನಿ ಮೊಳಗಿತು. ಅವನ ಮುಂದಿನ ಮೈಕು ಸತ್ತಿತ್ತು. ಪರದೆಯ ಮರೆಯಲ್ಲಿ ವೆಂಕಟೇಶ ಇನ್ನೊಂದು ಮೈಕು, ನಾಟಕದ ಪುಸ್ತಕ ಹಿಡಿದು ಕೂತಿದ್ದ.

ಜನ ಹುಚ್ಚೆದ್ದು ಕೂಗಿದರು. ಯೋಗಾನಂದ ದನಿ ಏರಿಸಿದ, ಕುತ್ತಿಗೆಯ ನರ ಉಬ್ಬುವ ಹಾಗೆ ಕಿರುಚಿದ. ಒಂದು ಕಾಲಕ್ಕೆ ಗುಡ್ಡ ದಾಟುತ್ತಿದ್ದ ಗಂಟಲು ಈಗ ಧ್ವನಿವರ್ಧಕದ ಅಬ್ಬರಕ್ಕೆ ನೆಲದಲ್ಲಿ ಕೂತವರ ಮೊದಲ ಸಾಲನ್ನೂ ದಾಟಲಿಲ್ಲ. ಆ ದನಿಗಿಂತ ತನ್ನ ತುಟಿ ಹಿಂದೆ ಬಿದ್ದು ಆಭಾಸವಾಗುತ್ತಿದೆ ಎಂದು ಹೊಳೆದಾಗ ಅವನು ಪದ್ಯ ನಿಲ್ಲಿಸಿದ. ಪರದೆಯ ಕಡೆ ಕಿವಿಗೊಟ್ಟು, ವೆಂಕಟೇಶ ಉಸಿರು ಎಳೆದಾಗ ತಾನೂ ಎಳೆದು, ಬರೀ ಬಾಯಿ ಆಡಿಸತೊಡಗಿದ. ಅಂಥ ಹೀನಾಯವನ್ನು ಅಷ್ಟು ಚೆನ್ನಾಗಿ ಮಾಡಿದನಲ್ಲ, ನಟ ಅಂದರೆ ನಟ! ಕೆಳಗೆ ಲಿಂಗಮ್ಮ ಒಬ್ಬಳು ಧ್ವನಿವರ್ಧಕದ ಕಡೆ ನೋಡದೆ ಅವನ ಗಂಟಲನ್ನೇ ನೋಡುತ್ತಿದ್ದಳು.

ದೃಶ್ಯ ಮುಗಿದಾಗ ಅವನು ಹಾರದ ಸಮೇತ ಇಳಿದು ನೇರ ಅವಳ ಹತ್ತಿರ ಹೋದ. ಹಿಂದೆ ಚಂದ್ರಶೇಖರ, ಅವನ ಹಿಂದೆ ಅರ್ಧ ಊರು.

"ಲಿಂಗಮ್ಮ, ನೀನು ಹತ್ರದಲ್ಲೇ ಕೂತಿದ್ದೆ. ಶುರೂಲಿ ನಾನೇ ಹೇಳಿದ್ದು, ನನ್ ಹಳೇ ಗಂಟ್ಲು. ನಿಂಗ್ ಗೊತ್ತು ಅದು. ಕೇಳಿಸ್ತು ಅಂತ ಇವ್ರಿಗೆ ಹೇಳವ್ವ!"

ಲಿಂಗಮ್ಮ ಎದ್ದು ಸೆರಗು ಕೊಡವಿಕೊಂಡಳು. ಕಿವಿಗೆ ಕೈ ಇಟ್ಟು, ಕತ್ತು ಓರೆ ಮಾಡಿದಳು.

"ಕೇಳಿಸ್ಲಿಲ್ಲ ರೈಟ್ರೇ."

"ಲಿಂಗಮ್ಮಾ!"

"ಕೇಳಿಸ್ಲಿಲ್ಲ."

ಲೈನಿನ ಹೆಂಗಸರು ಒಬ್ಬೊಬ್ಬರಾಗಿ ನಗತೊಡಗಿದರು. ಯೋಗಾನಂದ ಮೂರನೆಯ ಸಲ ಬಾಯಿ ತೆರೆದ. ದನಿ ಹೊರಡಲಿಲ್ಲ.