ಲಕ್ಷ್ಮೀನರಸಮ್ಮನ ಟ್ಯಾಂಕ್ ಆಟ

ಆ ಭಾನುವಾರ ಮಧ್ಯಾಹ್ನದವರೆಗೂ ಮೋಹನ್‌ಬಾಬು ತನ್ನ ತಾಯಿಯನ್ನು ಪೂರ್ತಿ ಬಲ್ಲೆ ಎಂದೇ ತಿಳಿದಿದ್ದ. ನಲವತ್ತನಾಲ್ಕು ವರ್ಷ ಒಂದೇ ಸೂರಿನ ಕೆಳಗೆ ಇದ್ದವರು. ಆಕೆಯ ಕಾಫಿಗೆ ಎಷ್ಟು ಸಕ್ಕರೆ, ಯಾವ ಮೊಣಕಾಲು ನೋಯುತ್ತದೆ, ಯಾವ ನೆಂಟರ ಹೆಸರೆತ್ತಿದರೆ ಹುಬ್ಬು ಗಂಟಿಕ್ಕುತ್ತದೆ, ಎಲ್ಲ ಅವನಿಗೆ ಗೊತ್ತಿತ್ತು. ಲಕ್ಷ್ಮೀನರಸಮ್ಮ ಎಂದರೆ ನಾಲ್ಕೂವರೆಗೆ ಎದ್ದು, ಬಾಗಿಲಿಗೆ ನೀರು ಹಾಕಿ, ಇಡೀ ದಿನ ಏನಾದರೊಂದು ಕೆಲಸ ಹಚ್ಚಿಕೊಂಡು, ಟೀವಿ ಮುಂದೆ ಕೂತವರನ್ನು ಬೈದುಕೊಂಡು ಓಡಾಡುವ ಹೆಂಗಸು. ಬೇರೆ ಲಕ್ಷ್ಮೀನರಸಮ್ಮ ಇರಬಹುದೆಂಬ ಅನುಮಾನ ಯಾರಿಗೂ ಬಂದಿರಲಿಲ್ಲ.

ಮೋಹನ್‌ಬಾಬು ಗೌರಿಬಿದನೂರಿನ ಒಂದು ಸರ್ಕಾರಿ ಕಛೇರಿಯಲ್ಲಿ ಎಸ್‌ಡಿಎ. ಹೆಂಡತಿ ಕವಿತ, ಏಳನೇ ತರಗತಿಯ ಮಗಳು ತನುಶ್ರೀ, ತಾಯಿ, ಇಷ್ಟೇ ಮನೆ. ತಮ್ಮ ರಮೇಶ್‌ಬಾಬು ಮಂಡಿಕಲ್ ಹತ್ತಿರದ ಊರಿನಲ್ಲಿ ಜಮೀನು ನೋಡಿಕೊಂಡಿದ್ದಾನೆ. ತಂದೆ ನರಸಿಂಹಪ್ಪ ತೀರಿಕೊಂಡು ಆರು ವರ್ಷವಾಯಿತು.

ಈ ಅಣ್ಣತಮ್ಮಂದಿರ ನಡುವೆ ಒಂದು ಹಳೆಯ ಮುಳ್ಳಿತ್ತು. ಮೋಹನ ಎಂಟನೇ ಕ್ಲಾಸಿನಲ್ಲಿದ್ದಾಗ ನರಸಿಂಹಪ್ಪ ಬೆಂಗಳೂರಿನಿಂದ ಒಂದು ಟೀವಿ ಗೇಮ್ ತಂದಿದ್ದ. ಕಪ್ಪುಬಿಳುಪು ಟೀವಿಗೆ ವೈರು ಸಿಕ್ಕಿಸಿ, ಮೇಲೆ ಕ್ಯಾಸೆಟ್ ಹಾಕಿ ಆಡುವಂಥದ್ದು. ಅದರಲ್ಲಿದ್ದ ಟ್ಯಾಂಕ್ ಆಟಕ್ಕೆ ಹುಡುಗರಿಬ್ಬರೂ ಊಟ ನಿದ್ರೆ ಬಿಟ್ಟರು. ಅರ್ಧವಾರ್ಷಿಕ ಪರೀಕ್ಷೆಯಲ್ಲಿ ಮೋಹನನಿಗೆ ಗಣಿತದಲ್ಲಿ ಹದಿನೆಂಟು ಬಂತು. ಮಾರನೇ ದಿನ ಸ್ಕೂಲಿನಿಂದ ಬಂದರೆ ಟೀವಿ ಮುಂದೆ ಏನೂ ಇಲ್ಲ.

"ಬಾವಿಗೆ ಎಸೆದೆ," ಎಂದಳು ಅಮ್ಮ. "ಬೇಕಾದ್ರೆ ಹೋಗಿ ನೋಡ್ಕೊಳ್ಳಿ."

ಅವರು ನೋಡಿಯೇಬಿಟ್ಟರು. ಬಿದ್ದ ಕೊಡ ಎತ್ತುವ ಪಾತಾಳಗರಡಿಯನ್ನು ಪಕ್ಕದ ಮನೆಯಿಂದ ತಂದು ಮೂರು ದಿನ ಬಾವಿ ಜಾಲಾಡಿದರು. ಯಾರದೋ ಹಿತ್ತಾಳೆ ತಂಬಿಗೆ, ಒಂದು ತುಕ್ಕು ಹಿಡಿದ ಕುಡುಗೋಲು ಮೇಲೆ ಬಂದವು. ಆಟ ಬರಲಿಲ್ಲ. ರಮೇಶ ಕೊನೆಗೆ ತಾನೇ ನೀರಿಗಿಳಿದು, ಒಂದು ವಾರ ಜ್ವರ ಹಿಡಿದು ಮಲಗಿದ. ಬಾವಿಯಲ್ಲಿ ಇಲ್ಲವೆಂದರೆ ಯಾರೋ ಮೊದಲೇ ಎತ್ತಿರಬೇಕು. ತಮ್ಮನೇ ಎತ್ತಿ ಮಾರಿಕೊಂಡ ಎಂದು ಮೋಹನನಿಗೆ ಖಾತ್ರಿ. ಅಣ್ಣನೇ ಎಂದು ರಮೇಶನಿಗೆ. ಹೊಡೆದಾಟದಲ್ಲಿ ರಮೇಶನ ಮುಂದಿನ ಹಲ್ಲು ಅರ್ಧ ಮುರಿಯಿತು. ದೊಡ್ಡವರಾದ ಮೇಲೆ ಅದು ತಮಾಷೆಯ ಮಾತಾಯಿತಾದರೂ, ಮದುವೆ ಮುಂಜಿಗಳಲ್ಲಿ ಆ ತಮಾಷೆ ಎದ್ದಾಗಲೆಲ್ಲ ಇಬ್ಬರಲ್ಲೊಬ್ಬರು ಎದ್ದು ಹೊರಗೆ ಹೋಗುತ್ತಿದ್ದರು.

ಈ ವರ್ಷ ಮೋಹನ್‌ಬಾಬು ಆನ್‌ಲೈನಿನಲ್ಲಿ ಒಂದು ಪುಟ್ಟ ಕನ್ಸೋಲ್ ತರಿಸಿದ. ಹಳೆಯ ಟೀವಿ ಗೇಮಿನದೇ ರೂಪ, ಅಂಗೈಯಲ್ಲಿ ಹಿಡಿಯುವಷ್ಟು. ಒಳಗೇ ಮೂವತ್ತು ಆಟಗಳಿದ್ದವು. ಮೂವತ್ತನ್ನೂ ತಡಕಿದ. ಟ್ಯಾಂಕ್ ಆಟ ಇರಲಿಲ್ಲ. ಲ್ಯಾಪ್‌ಟಾಪಿಗೆ ಜೋಡಿಸಿ ನಮಗೆ ಬೇಕಾದ ಆಟವನ್ನು ನಾವೇ ಅದಕ್ಕೆ ಸೇರಿಸಬಹುದೆಂದು ವೀಡಿಯೋಗಳಲ್ಲಿ ನೋಡಿ, ಚಿಂತಾಮಣಿಯಲ್ಲಿ ಹಳೆ ಟೀವಿ ರಿಪೇರಿ ಮಾಡುವ ವೆಂಕಟೇಶ್ ಎಂಬವನನ್ನು ಹುಡುಕಿಕೊಂಡು ಬಸ್ಸು ಹತ್ತಿದ. ವೆಂಕಟೇಶನ ಅಂಗಡಿಯ ಅಟ್ಟದ ಮೇಲೆ ಒಂದು ಡಬ್ಬದ ತುಂಬ ಕ್ಯಾಸೆಟ್‌ಗಳಿದ್ದವು. ಚೀಟಿ ಹರಿದುಹೋಗಿದ್ದ ಒಂದನ್ನು ಎತ್ತಿಕೊಂಡು ಮೋಹನ್‌ಬಾಬು ಹಳೆಯ ರೂಢಿಯಂತೆ ಅದರ ಬಾಯಿಗೆ ಊದಿದ.

"ಊದಬೇಡಿ ಸಾರ್, ಎಂಜಲು ತಾಕಿ ಕಿಲುಬು ಹಿಡೀತದೆ," ಎಂದು ವೆಂಕಟೇಶ್ ಅದನ್ನು ಕಿತ್ತುಕೊಂಡು, ಸ್ಪಿರಿಟ್ ಹತ್ತಿಯಲ್ಲಿ ಒರೆಸಿ, ಒಂದು ಸಣ್ಣ ಯಂತ್ರಕ್ಕೆ ಸಿಕ್ಕಿಸಿದ. ಒಳಗಿದ್ದದ್ದು ಟ್ಯಾಂಕ್ ಆಟವೇ; ಅದು ಪೆನ್‌ಡ್ರೈವಿಗೆ ಇಳಿಯಿತು. ಕ್ಯಾಸೆಟ್ಟನ್ನೂ ಕೊಂಡುಕೊಂಡೇ ಮೋಹನ್‌ಬಾಬು ಊರಿಗೆ ಬಂದ.

ಭಾನುವಾರ ಬೆಳಿಗ್ಗೆ ತಿಂಡಿಯಾದವನೇ ಕೂತ. ಕನ್ಸೋಲಿನ ರೀಸೆಟ್ ಒತ್ತಿ ಹಿಡಿದುಕೊಂಡೇ ಪವರ್ ಒತ್ತಬೇಕು, ಲ್ಯಾಪ್‌ಟಾಪು ಅದನ್ನು ಗುರುತು ಹಿಡಿಯಬೇಕು, ಆಟವನ್ನು ಪಟ್ಟಿಗೆ ಎಳೆದು ಬಿಡಬೇಕು, ಆಮೇಲೆ ವೈರು ಅಲುಗದಂತೆ ಕಾಯಬೇಕು. ಮೊದಲ ಸಲ ಟೀವಿ ಕಪ್ಪಗೆ ನಿಂತುಬಿಟ್ಟಿತು. ಸತ್ತೇಹೋಯಿತೆಂದುಕೊಂಡ.

"ಆಫೀಸಲ್ಲಿ ಇಷ್ಟು ಶ್ರದ್ಧೆ ಇದ್ದಿದ್ರೆ ಇಷ್ಟೊತ್ತಿಗೆ ಎಫ್‌ಡಿಎ ಆಗಿರ್ತಿದ್ರಿ," ಎಂದು ಕವಿತ ಅಡುಗೆಮನೆಯಿಂದಲೇ ಚುಚ್ಚಿದಳು.

ಎರಡನೇ ಸಲಕ್ಕೆ ಕೂತಿತು. ಪಟ್ಟಿಯಲ್ಲಿ ಮೂವತ್ತೊಂದನೆಯದಾಗಿ ಅವನದೇ ಆಟ ಕಂಡಿತು. ಶುರುವಿನ ಆ ಟುಣುಟುಣು ಸದ್ದು ಹಾಗೇ ಇತ್ತು. ನಮ್ಮದೊಂದು ಟ್ಯಾಂಕು, ಕೆಳಗೆ ಇಟ್ಟಿಗೆ ಗೋಡೆಯ ನಡುವೆ ನಮ್ಮ ಕೋಟೆ, ಮೇಲಿನಿಂದ ಇಳಿದು ಬರುವ ಶತ್ರು ಟ್ಯಾಂಕುಗಳು. ತನುಶ್ರೀ ಪಕ್ಕದಲ್ಲಿ ಕೂತು ನೋಡಿದಳು. ಲಕ್ಷ್ಮೀನರಸಮ್ಮ ದಿವಾನದ ಮೇಲೆ, ರಮೇಶ ಕಳಿಸಿದ್ದ ಅವರೆಕಾಯಿ ಸುಲಿದು ನೆನೆಹಾಕಿದ್ದ ಕಾಳನ್ನು ಒಂದೊಂದಾಗಿ ಹಿದುಕುತ್ತಿದ್ದಳು. ಹೆಬ್ಬೆರಳಿನಲ್ಲಿ ಒತ್ತಿದರೆ ಬೇಳೆ ಪಾತ್ರೆಗೆ ಹಾರುತ್ತಿತ್ತು, ಸಿಪ್ಪೆ ಕೈಯಲ್ಲಿ ಉಳಿಯುತ್ತಿತ್ತು.

ಹದಿನೇಳನೇ ಹಂತದಲ್ಲಿ ಮೋಹನ್‌ಬಾಬು ಮೂರು ಸಲ ಸತ್ತ. ನಾಲ್ಕನೇ ಸಲವೂ ಕೋಟೆಯ ಹತ್ತಿರ ಸಿಕ್ಕಿಬಿದ್ದ.

"ಆ ಮಿಣಮಿಣ ಅನ್ನೋದನ್ನ ಬಿಡ್ಬೇಡ," ಎಂದಳು ಲಕ್ಷ್ಮೀನರಸಮ್ಮ ಕಾಳಿನಿಂದ ಕಣ್ಣೆತ್ತದೆ. "ಅದನ್ನ ಹೊಡೆದ್ರೆ ಗುದ್ದಲಿ ಬರ್ತದೆ. ಗುದ್ದಲಿ ತಗೊಂಡ್ರೆ ಗೋಡೆ ಗಟ್ಟಿ ಆಗ್ತದೆ."

ಮೋಹನ್‌ಬಾಬು ಮಿಣುಕುತ್ತಿದ್ದ ಟ್ಯಾಂಕನ್ನು ಹೊಡೆದ. ಗುದ್ದಲಿ ಬಂತು. ಓಡಿ ಹೋಗಿ ತೆಗೆದುಕೊಂಡ. ಕೋಟೆಯ ಇಟ್ಟಿಗೆ ಗೋಡೆ ಉಕ್ಕಾಯಿತು. ಆಗಲೇ ಅವನಿಗೆ ಹೊಳೆದದ್ದು. ಬೆರಳು ನಿಂತೇಹೋಯಿತು. ಪರದೆಯ ಮೇಲೆ ಅವನ ಟ್ಯಾಂಕು ಸಿಡಿದು ಹೋದದ್ದೂ ಕಾಣಲಿಲ್ಲ.

"ಅಮ್ಮ. ನಿಂಗೆ ಹೆಂಗೆ ಗೊತ್ತು?"

"ಏನು?"

"ಗುದ್ದಲಿ."

ಲಕ್ಷ್ಮೀನರಸಮ್ಮನ ಹೆಬ್ಬೆರಳಿನ ಕೆಳಗಿದ್ದ ಕಾಳು ಹಿದುಕದೆ ಹಾಗೇ ಉಳಿಯಿತು. "ನೀವು ಆಡೋವಾಗ ನೋಡಿದ್ನೇನೋಪ್ಪ."

"ನಾವು ಯಾವತ್ತೂ ಆರನೇ ಹಂತ ದಾಟಿರಲಿಲ್ಲ. ನಮಗೆ ಗುದ್ದಲಿ ಸಿಕ್ಕೇ ಇರಲಿಲ್ಲ!"

ಆಕೆ ಪಾತ್ರೆಯನ್ನು ಪಕ್ಕಕ್ಕಿಟ್ಟಳು. ಸೆರಗಿಗೆ ಕೈ ಒರೆಸಿಕೊಂಡಳು. ಎರಡೂ ಕೈಯನ್ನು ಚೆನ್ನಾಗಿ, ಬೆರಳ ಸಂದಿಯನ್ನೂ ಬಿಡದೆ ಒರೆಸಿಕೊಂಡು, "ಕೊಡು ಇಲ್ಲಿ," ಎಂದು ಕೈ ಚಾಚಿದಳು.

ಮುಂದಿನ ಮುಕ್ಕಾಲು ಗಂಟೆಯನ್ನು ಮೋಹನ್‌ಬಾಬು ಸಾಯುವವರೆಗೂ ಮರೆಯುವಂತಿಲ್ಲ. ಮೊಬೈಲಿನಲ್ಲಿ ನಂಬರು ಒತ್ತಲು ಮೊಮ್ಮಗಳನ್ನು ಕರೆಯುವ ಆ ಅರವತ್ತೆಂಟರ ಹೆಂಗಸು ಹದಿನೇಳು ದಾಟಿದಳು, ಇಪ್ಪತ್ತು ದಾಟಿದಳು, ಇಪ್ಪತ್ತೈದು ದಾಟಿದಳು. ಶತ್ರು ಯಾವ ಮೂಲೆಯಿಂದ ಇಳಿಯುತ್ತಾನೆಂದು ಮೊದಲೇ ತಿಳಿದವಳಂತೆ ಅಲ್ಲಿಗೆ ಹೋಗಿ ಕಾಯುತ್ತಿದ್ದಳು. ಬೆನ್ನು ನೆಟ್ಟಗಿತ್ತು, ತುಟಿ ಬಿಗಿದಿತ್ತು, ಹೆಬ್ಬೆರಳು ಮಾತ್ರ ಓಡುತ್ತಿತ್ತು. ತನುಶ್ರೀ ಬಾಯಿ ತೆರೆದವಳು ಮುಚ್ಚಲಿಲ್ಲ. ಕವಿತ ಸೌಟು ಹಿಡಿದು ಬಂದು ನಿಂತವಳು ಒಲೆಯ ಮೇಲೆ ಸಾರು ಉಕ್ಕಿದ ವಾಸನೆ ಬಂದರೂ ಹೋಗಲಿಲ್ಲ. ಮೂವತ್ತೈದನೇ ಹಂತ ಮುಗಿದು ಆಟ ಮತ್ತೆ ಒಂದಕ್ಕೆ ಬಂದು ನಿಂತಿತು.

"ಆಮೇಲೆ ಮತ್ತೆ ಮೊದಲಿಂದ ಅಷ್ಟೇ," ಎಂದಳು ಲಕ್ಷ್ಮೀನರಸಮ್ಮ. "ಇಬ್ಬರಾಟ ಹಾಕು ನೋಡಣ."

ಮೋಹನ್‌ಬಾಬು ಹಾಕಿದ. ಪರದೆಯ ಮೇಲೆ ಹಳದಿ ಟ್ಯಾಂಕಿನ ಪಕ್ಕ ಹಸಿರಿನದೊಂದು ಮೂಡಿತು. ಲಕ್ಷ್ಮೀನರಸಮ್ಮ ಮುಂದಕ್ಕೆ ಬಾಗಿ ಅದನ್ನೇ ನೋಡಿದಳು.

"ಅದು ಹಸಿರಾ?" ಎಂದಳು. "ನಮ್ಮತ್ತೇದು ಹಸಿರು ಬಣ್ಣದ್ದಾ!"

ಮೋಹನ್‌ಬಾಬು ಅಮ್ಮನ ಕಡೆ ತಿರುಗಿದ. ಅಮ್ಮನ ಅತ್ತೆಯೆಂದರೆ ಅವನ ಅಜ್ಜಿ, ಅಕ್ಕಯ್ಯಮ್ಮ. ಊರಿಗೆಲ್ಲ ಗೊತ್ತಿದ್ದ ಸಂಗತಿಯೆಂದರೆ ಅಕ್ಕಯ್ಯಮ್ಮನಿಗೂ ಲಕ್ಷ್ಮೀನರಸಮ್ಮನಿಗೂ ಮಾತಿರಲಿಲ್ಲ. ರಮೇಶನ ನಾಮಕರಣದ ದಿನ ಲಕ್ಷ್ಮೀನರಸಮ್ಮನ ತವರಿನವರನ್ನು ಎರಡನೇ ಪಂಕ್ತಿಗೆ ಕೂರಿಸಿದರೆಂದು ಶುರುವಾದ ಮುನಿಸು ಅಜ್ಜಿ ಸಾಯುವವರೆಗೂ ನಡೆದಿತ್ತು. ಒಂದೇ ಅಡುಗೆಮನೆಯಲ್ಲಿ ನಿಂತು, "ನಿಮ್ಮಮ್ಮನಿಗೆ ಹೇಳೋ, ಮುದ್ದೆಗೆ ಎಸರಿಡಕ್ಕೆ," "ನಿಮ್ಮಜ್ಜಿಗೆ ಹೇಳು, ಇಟ್ಟಾಯ್ತು ಅಂತ," ಎಂದು ಮಕ್ಕಳ ಮೂಲಕ ಮಾತಾಡುತ್ತಿದ್ದವರು.

"ಏನು ಹೇಳ್ತಿದೀಯಮ್ಮ ನೀನು?" ಎಂದ ಮೋಹನ್‌ಬಾಬು.

ಆಗ ಆಕೆ ಹೇಳಿದಳು. ಮುಚ್ಚುಮರೆಯಿಲ್ಲದೆ, ಯಾರದೋ ಮನೆಯ ವಿಷಯ ಹೇಳುವ ಹಾಗೆ. ಆಟವನ್ನು ಬಾವಿಗೆ ಹಾಕಿರಲಿಲ್ಲ. ರಾಗಿ ಗುಡಾಣದ ಒಳಗೆ, ಬಟ್ಟೆ ಸುತ್ತಿ ಹೂತಿಟ್ಟಿದ್ದಳು. ಪರೀಕ್ಷೆ ಮುಗಿದ ಮೇಲೆ ಕೊಟ್ಟರಾಯಿತು ಎಂದುಕೊಂಡಿದ್ದಳು. ಒಂದು ದಿನ ರಾಗಿ ತೆಗೆಯಲು ಹೋದಾಗ ಕೈಗೆ ತಾಕಿತು. ಮನೆಯಲ್ಲಿ ಯಾರೂ ಇರಲಿಲ್ಲ, ಕರೆಂಟಿತ್ತು. ಮಕ್ಕಳು ವೈರು ಸಿಕ್ಕಿಸುವುದನ್ನು ನೋಡಿದ್ದಳು. ಏನಿದೆ ಇದರಲ್ಲಿ ಇಷ್ಟೊಂದು, ನೋಡಿಯೇಬಿಡೋಣ ಎಂದು ಕೂತಳು.

"ಹದಿನೈದು ದಿನ ನಾನೊಬ್ಬಳೇ ಆಡ್ದೆ. ಒಂದಿನ ತಿರುಗಿ ನೋಡ್ತೀನಿ, ಹೊಸಿಲ ಮೇಲೆ ನಿಮ್ಮಜ್ಜಿ ನಿಂತವ್ರೆ. ನನ್ನ ಜೀವ ಹೋಯ್ತು. ಊರೆಲ್ಲ ಸಾರ್ತಾರೆ ಅಂದ್ಕೊಂಡೆ. ಅವರು ಬಂದ್ರು, ಕಾಲು ಚಾಚಿ ಕೂತ್ರು, ಇನ್ನೊಂದು ರಿಮೋಟು ಕೈಗೆ ತಗೊಂಡ್ರು. ಮಾತಿಲ್ಲ ಕತೆಯಿಲ್ಲ. ಮಾರನೇ ದಿನ ಹನ್ನೊಂದು ಗಂಟೆಗೆ ನನಗಿಂತ ಮುಂಚೆ ಬಂದು ಕೂತಿದ್ರು."

"ಮಾತೇ ಆಡ್ತಿರಲಿಲ್ವಾ ಅತ್ತೆ?" ಎಂದಳು ಕವಿತ.

"ಮೂರನೇ ದಿನ ಅಂದ್ರು. ಒಂದು ಟ್ಯಾಂಕು ನನ್ನ ಹಿಂದುಗಡೆಯಿಂದ ಬಂತು, ನಾನು ನೋಡಿರಲಿಲ್ಲ. 'ಎನಕ ಚೂಡವೇ!' ಅಂತ ಕೂಗಿದ್ರು. ಹಿಂದೆ ನೋಡೇ ಅಂತ. ಹನ್ನೊಂದು ವರ್ಷಕ್ಕೆ ನನ್ನ ಜೊತೆ ಆಡಿದ ಮೊದಲನೇ ಮಾತು ಅದು."

ಅಕ್ಕಯ್ಯಮ್ಮ ಹಿಂದೂಪುರದ ಕಡೆಯವಳು. ಗಾಬರಿಯಾದರೆ ತೆಲುಗೇ ಬಾಯಿಗೆ ಬರುತ್ತಿತ್ತು. ಅಲ್ಲಿಂದ ನಾಲ್ಕು ವರ್ಷ, ಮಕ್ಕಳು ಸ್ಕೂಲಿಗೂ ಗಂಡಸರು ಹೊಲಕ್ಕೂ ಹೋದ ಮೇಲೆ, ಕರೆಂಟಿದ್ದಷ್ಟು ಹೊತ್ತು ಅತ್ತೆಸೊಸೆ ಜೊತೆಗೆ ಕೂತು ಆಡಿದ್ದರು. ಸಾಯಂಕಾಲವಾದರೆ ಮತ್ತೆ ಅದೇ ಮುನಿಸು. ಇದ್ದಕ್ಕಿದ್ದಂತೆ ಮಾತು ಶುರುಮಾಡಿದರೆ ಯಾಕೆ ಏನು ಎಂದು ಜನ ಕೇಳುತ್ತಾರಲ್ಲ!

"ಈಗೆಲ್ಲಿದೆ ಅದು?" ಮೋಹನ್‌ಬಾಬು ಕೇಳಿದ.

"ನಿಮ್ಮಜ್ಜಿ ಹೋದ್ಮೇಲೆ ಒಂದಿನ ಕೂತೆ. ಅಭ್ಯಾಸಬಲ, ಇಬ್ಬರಾಟ ಹಾಕ್ಬಿಟ್ಟಿದ್ದೆ. ಅವರ ಟ್ಯಾಂಕು ನಿಂತಕಡೇನೇ ನಿಂತಿತ್ತು. ಬಂದೋರೆಲ್ಲ ಹೊಡೆದ್ರು." ಆಕೆ ಹಿದುಕಿದ ಬೇಳೆಯ ಪಾತ್ರೆಯನ್ನು ಹತ್ತಿರಕ್ಕೆ ಎಳೆದುಕೊಂಡಳು. "ಅವತ್ತು ನಿಜವಾಗ್ಲೂ ಬಾವಿಗೆ ಹಾಕ್ದೆ."

ಮೋಹನ್‌ಬಾಬು ತಮ್ಮನಿಗೆ ಫೋನು ಮಾಡಿದ. ರಮೇಶ್‌ಬಾಬು ಎಲ್ಲ ಕೇಳಿಸಿಕೊಂಡ. "ಬರ್ತೀನಿರು," ಎಂದಷ್ಟೇ ಕೇಳಿಸಿತು. ಒಂದು ಗಂಟೆಯೊಳಗೆ ಬೈಕು ಗೇಟಿನ ಮುಂದೆ ನಿಂತಿತು. ರಮೇಶನ ಕಾಲಿಗೆ ತೋಟದ ಕೆಸರು ಹಾಗೇ ಇತ್ತು. ನಗಲಿಲ್ಲ. ದಿವಾನದ ಮುಂದೆ ಬಂದು ನಿಂತ.

"ಮೂರು ದಿನ ಬಾವಿ ಜಾಲಾಡಿದ್ವಿ. ನೀನು ಕಟ್ಟೆ ಮೇಲೆ ಕೂತು ಮಜ್ಜಿಗೆ ಕೊಡ್ತಿದ್ದೆ. ನಾನು ನೀರಿಗಿಳಿದಾಗ್ಲಾದ್ರೂ ಹೇಳ್ಬಾರ್ದಾಗಿತ್ತಾ?"

"ಇಳೀತೀಯ ಅಂತ ನಂಗೇನು ಗೊತ್ತಿತ್ತಪ್ಪ? ನೋಡೋ ಅಷ್ಟೊತ್ತಿಗೆ ಇಳಿದಿದ್ದೆ."

"ನಮ್ಮಿಬ್ಬರಿಗೂ ಹಂಗೆ ಹೊಡೆದಾಟ ಆಯ್ತು. ಆಗ?"

ಲಕ್ಷ್ಮೀನರಸಮ್ಮ ಮೊದಲ ಸಲ ತಲೆ ತಗ್ಗಿಸಿದಳು. "ಆಗ ಹೇಳ್ಬೇಕಾಗಿತ್ತು," ಎಂದಳು. "ಹೇಳಿದ್ರೆ ಕೊಡ್ಬೇಕಾಗ್ತಿತ್ತು. ಅಷ್ಟೊತ್ತಿಗೆ ಕೊಡಕ್ಕೆ ಮನಸ್ಸಿರ್ಲಿಲ್ಲ ಕಣಪ್ಪ."

ರಮೇಶ್‌ಬಾಬು ಹೊರಗೆ ಹೋದ. ಮೋಹನ್‌ಬಾಬು ಹಿಂದೆಯೇ ಹೋದ. ಗೇಟಿನ ಹತ್ತಿರ ಇಬ್ಬರೂ ಮುಖಕ್ಕೆ ಮುಖ ಕೊಡದೆ ನಿಂತರು.

"ಇಷ್ಟು ವರ್ಷ ನೀನೇ ಮಾರ್ಕೊಂಡೆ ಅಂದ್ಕೊಂಡಿದ್ದೆ," ಎಂದ ರಮೇಶ.

"ನಾನೂ ಹಂಗೇ."

"ಅದು ಹೋಗ್ಲಿ ಬಿಡು. ಅಜ್ಜಿ ಪಕ್ಕದಲ್ಲೇ ಮಲಗ್ತಿದ್ದೋನು ಕಣೋ ನಾನು. ಅಮ್ಮನ್ನ ಬೈದು ಬೈದು ನನ್ನ ಕಿವಿ ತೂತು ಮಾಡಿದ್ಲು. ಅಮ್ಮ ಅಂದ್ರೆ ಕೆಟ್ಟೋಳು ಅಂತ ಎಷ್ಟು ದಿನ ನಾನು ಅಮ್ಮನ ಹತ್ರಾನೇ ಹೋಗ್ಲಿಲ್ಲ ಗೊತ್ತಾ? ಅದೆಲ್ಲ ಸುಳ್ಳಾ ಹಂಗಾದ್ರೆ?"

ಮೋಹನ್‌ಬಾಬು ಊಟಕ್ಕೆ ಕರೆದ. ರಮೇಶ ಊಟ ಮಾಡದೆ ಹೊರಟುಹೋದ. ಹನ್ನೆರಡು ದಿನ ತಾಯಿಗೆ ಫೋನು ಮಾಡಲಿಲ್ಲ. ಹದಿಮೂರನೇ ದಿನ ಮಾಡಿ, ಮೊಣಕಾಲು ಹೇಗಿದೆ ಎಂದು ಕೇಳಿದನಂತೆ. ಬೇರೆ ಮಾತು ಬರಲಿಲ್ಲ.

ಮೋಹನ್‌ಬಾಬುವಿಗೆ ಮಾತ್ರ ಆ ಪೆಟ್ಟು ಬೇಗ ಇಳಿಯಲಿಲ್ಲ. ಕಛೇರಿಯಲ್ಲಿ ಕಡತ ತೆರೆದುಕೊಂಡು ಕೂತಲ್ಲೇ ಕೂತುಬಿಡುತ್ತಿದ್ದ. ಅಮ್ಮ ಸುಳ್ಳು ಹೇಳಿದ್ದು ದೊಡ್ಡದಲ್ಲ. ಬೆಳಿಗ್ಗೆ ಹನ್ನೊಂದಕ್ಕೆ ತಾನು ಸ್ಕೂಲಿನಲ್ಲಿ ಬೆಂಚಿನ ಮೇಲೆ ಕೂತಿದ್ದಾಗ ಮನೆಯಲ್ಲಿ ಅಮ್ಮ ಕೆಲಸ ಮಾಡುತ್ತಿದ್ದಾಳೆ ಎಂದಷ್ಟೇ ತಿಳಿದಿದ್ದನಲ್ಲ. ಆಕೆಗೂ ಒಂದು ಆಟ ಬೇಕಿತ್ತೆಂದು, ಅದನ್ನು ಮಕ್ಕಳಿಗೂ ಬಿಟ್ಟುಕೊಡದಷ್ಟು ಬೇಕಿತ್ತೆಂದು ಒಂದು ದಿನವೂ ಹೊಳೆಯಲಿಲ್ಲವಲ್ಲ ಎಂಬುದು ಅವನನ್ನು ಮತ್ತೆ ಮತ್ತೆ ಬಂದು ಹಿಡಿಯುತ್ತಿತ್ತು. ಒಂದು ಸಂಜೆ ಕಾಫಿ ಕುಡಿಯುತ್ತಾ ಕೇಳಿಯೇಬಿಟ್ಟ.

"ಅಮ್ಮ, ನಮಗೆ ಹೇಳದೇ ಇರೋದು ಇನ್ನೇನಿದೆ?"

ಆಕೆ ಲೋಟ ಕೆಳಗಿಟ್ಟಳು. "ಅದಿರ್ಲಿ. ಇನ್ನೊಂದಾಟ ಸೇರಿಸಕ್ಕಾಗ್ತದಾ? ಆ ಹಳೇದ್ರಲ್ಲಿ ಪಿಸ್ತೂಲು ಹಿಡಿದು ಬಾತುಕೋಳಿ ಹೊಡೆಯೋದಿತ್ತಲ್ಲ."

ಆ ಪಿಸ್ತೂಲು ಈಗಿನ ಚಪ್ಪಟೆ ಟೀವಿಗೆ ಕೆಲಸ ಮಾಡುವುದಿಲ್ಲವೆಂದು ಮೋಹನ್‌ಬಾಬು ಬಿಡಿಸಿ ಹೇಳಿದ. ಆಕೆಗೆ ಸ್ವಲ್ಪ ಬೇಜಾರಾದಂತೆ ಕಂಡಿತು.

"ಹಂಗಾದ್ರೆ ಆ ಗುಂಡಿ ಹಾರ್ಕೊಂಡು ಓಡೋದು ಹಾಕು," ಎಂದು ಲೋಟ ಎತ್ತಿಕೊಂಡು ಒಳಗೆ ಹೋದಳು. ಮೋಹನ್‌ಬಾಬು ಎದ್ದು ಲ್ಯಾಪ್‌ಟಾಪಿನ ವೈರು ಹುಡುಕಿದ.